ಗೌನು ತೊಳೆಸುವ ಖರ್ಚು

ಮದುವೆಯ ಗೌನನ್ನು ತೊಳೆಸುವ ಖರ್ಚು ಸೊಸೆಯದೇ ಎಂದು ಹಜಾರದಲ್ಲಿ ತೀರ್ಮಾನವಾದಾಗ ಸೊಸೆ ಅಡುಗೆಮನೆಯಲ್ಲಿ ಪಾತ್ರೆ ಒರೆಸುತ್ತಿದ್ದಳು. ಅವಳನ್ನು ಯಾರೂ ಕೇಳಲಿಲ್ಲ. ಅತ್ತೆ ಕೂತಲ್ಲಿಂದಲೇ ಕೂಗಿ ಹೇಳಿದರು.

"ಬಟ್ಟೆ ನಿಂದೇ ಅಲ್ವೇನಮ್ಮಾ, ನಿನ್ನ ಕೈಯಿಂದಲೇ ಆಗ್ಲಿ. ಸಂಬಳಾನೂ ಬರುತ್ತಲ್ಲ."

ಗೌನು ಬೇಕಾಗಿದ್ದದ್ದು ನಾದಿನಿಯ ಮದುವೆಗೆ. ಅವಳು ಬಾಗಿಲ ಸಂದಿಯಲ್ಲಿ ನಿಂತು, ದನಿ ಸಣ್ಣ ಮಾಡಿಕೊಂಡು ಕೇಳಿದ್ದಳು: "ಅತ್ತಿಗೆ, ನಿಮ್ಮ ಗೌನು ಕೊಡ್ತೀರಾ? ಮನಸ್ಸಿಲ್ಲ ಅಂದ್ರೆ ಬೇಡ." ಸೊಸೆ ಹೂಂ ಅಂದಿದ್ದಳು. ಗಂಡ ಸತ್ತ ಮೇಲೆ ಅವಳು ಎಲ್ಲದಕ್ಕೂ ಹೂಂ ಅನ್ನುತ್ತಿದ್ದಳು. ಹೂಂ ಅನ್ನಲು ಬಾಯಿ ತೆರೆಯಬೇಕಾಗಿಲ್ಲ.

ಹೂಂ ಕೈಗೆ ಸಿಕ್ಕ ಮೇಲೆ ಅತ್ತೆಯ ಷರತ್ತು ಬಂತು. ಗೌನನ್ನು ಇದ್ದ ಹಾಗೆ ಹಾಕಿಕೊಳ್ಳುವುದು ಬೇಡ, ಮದುವೆ ಬಟ್ಟೆಗಳನ್ನೇ ತೊಳೆಯುವ ಅಂಗಡಿಗೆ ಕೊಡಬೇಕು. "ಹೊಸ ಬಾಳಿಗೆ ಹೋಗೋ ಹುಡುಗಿ. ಹಳೇದು ಏನೂ ಅಂಟ್ಕೊಂಡಿರಬಾರದು ನೋಡು." ಏನು ಅಂಟಿಕೊಂಡಿದೆ ಎಂದು ಅವರು ಬಿಡಿಸಿ ಹೇಳಲಿಲ್ಲ. ಹೇಳುವ ಅಗತ್ಯವೂ ಇರಲಿಲ್ಲ. ಅಂಟಿಕೊಂಡದ್ದು ಅಡುಗೆಮನೆಯಲ್ಲಿ ಪಾತ್ರೆ ಒರೆಸುತ್ತಿತ್ತು.

ಮೂವರೂ ಬಸ್ಸು ಹತ್ತಿ ಹೋದರು. ಅಂಗಡಿಯಲ್ಲಿ ಇಸ್ತ್ರಿಯ ಹಬೆ, ಔಷಧಿಯ ವಾಸನೆ. ಉದ್ದನೆಯ ಮೇಜಿನ ಮೇಲೆ ಆಪರೇಷನ್ ಕೋಣೆಯಲ್ಲಿರುವಂಥ ದೀಪ. ಒಡತಿಯನ್ನು ಆ ಬೀದಿಯಲ್ಲಿ ಎಲ್ಲರೂ ಕರೆಯುತ್ತಿದ್ದದ್ದು ಕಲೆಯಕ್ಕ ಎಂದು. ಕೈ ಎಷ್ಟು ಚುರುಕೋ ಬಾಯಿ ಅದಕ್ಕಿಂತ ಚುರುಕು. ಗೌನನ್ನು ಮೇಜಿನ ಮೇಲೆ ಹರಡಿ, ದೀಪವನ್ನು ಕೆಳಗೆ ಎಳೆದು, "ಇದನ್ನ ತೊಟ್ಟೋರು ಯಾರು? ಮುಂದೆ ಬನ್ನಿ" ಅಂದಳು.

ಅವಳ ಪದ್ಧತಿಯೇ ಹಾಗೆ. ಒಂದೊಂದು ಕಲೆಯನ್ನೂ ಬೆರಳಿಟ್ಟು ತೋರಿಸುವುದು, ಅದು ಯಾವುದರದು ಎಂದು ತೊಟ್ಟವರ ಬಾಯಿಂದಲೇ ಹೇಳಿಸುವುದು, ಪಿನ್ನು ಚುಚ್ಚಿ ಚೀಟಿ ಸಿಕ್ಕಿಸುವುದು.

"ಟೀಗೆ ಒಂದು ಮದ್ದು, ರಕ್ತಕ್ಕೆ ಇನ್ನೊಂದು. ಒಂದಕ್ಕೆ ಇನ್ನೊಂದು ಹೇಳಿದ್ರೆ ಬಟ್ಟೆ ತೂತು. ಡಾಕ್ಟರ ಹತ್ರ, ವಕೀಲರ ಹತ್ರ, ನನ್ನ ಹತ್ರ ಸುಳ್ಳು ಹೇಳಬಾರದಮ್ಮ."

"ರೇಟು ಎಷ್ಟಾಗುತ್ತೆ, ಅದನ್ನ ಮೊದಲು ಹೇಳಿ," ಅಂದರು ಅತ್ತೆ, ಕೊಡುವವರು ತಾವೇ ಎಂಬಂತೆ.

ಕಲೆಯಕ್ಕ ಹೇಳಿದಳು. ಅದು ಸೊಸೆಯ ಅರ್ಧ ತಿಂಗಳ ಸಂಬಳ.

"ಅಯ್ಯಯ್ಯೋ! ಇದೇ ಬಟ್ಟೇನ ಪರದೆ ಅಂತ ತಂದಿದ್ರೆ ಇಷ್ಟು ಕೇಳ್ತಿದ್ರಾ?"

"ಪರದೆ ಹಾಳಾದ್ರೆ ಯಾರೂ ಬಂದು ನನ್ನ ಮೇಜಿನ ಮೇಲೆ ಬಿದ್ದು ಅಳಲ್ಲಮ್ಮ. ಆ ಅಳೂನೂ ಸೇರಿಸಿಯೇ ರೇಟು."

ನಾದಿನಿ ಕಿಸಕ್ಕನೆ ನಕ್ಕಳು. ಕಲೆಯಕ್ಕ ಗೌನಿನ ಕೆಳ ಅಂಚನ್ನು ಎತ್ತಿದಳು. "ಇದು?"

"ಕೆಸರು," ಅಂದಳು ಸೊಸೆ.

"ಇದು, ಮಡಿಲಲ್ಲಿ?"

"ಟೀ. ಅವರು ಚೆಲ್ಲಿದ್ದು. ಕೈ ನಡುಗ್ತಿತ್ತು."

"ಮದುವೆ ಗಂಡಿಗೆ ನಡುಗದೆ ಇನ್ಯಾರಿಗೆ ನಡುಗುತ್ತೆ ಬಿಡಿ. ಸೊಂಟದ ಹತ್ರ ಈ ಕಪ್ಪು?"

ಹೆಬ್ಬೆರಳಿನಷ್ಟು ಅಗಲದ ಕಪ್ಪು. ಪಕ್ಕದಲ್ಲಿ ಇನ್ನೂ ನಾಲ್ಕು, ಮಸುಕಾಗಿ.

"ಲಿಫ್ಟಿನ ಗ್ರೀಸು."

ಗಂಡ ಲಿಫ್ಟ್ ಮೆಕ್ಯಾನಿಕ್. ಮದುವೆಯ ದಿನ ಫೋಟೋಕ್ಕೆ ನಿಲ್ಲುವ ಹೊತ್ತಿಗೆ ಸರಿಯಾಗಿ ಛತ್ರದ ಲಿಫ್ಟು ಕೆಟ್ಟು ನಿಂತಿತ್ತು. ಒಳಗೆ ಸಿಕ್ಕಿಕೊಂಡಿದ್ದದ್ದು ಬೇರೆ ಯಾರೂ ಅಲ್ಲ, ಅತ್ತೆ. ಮದುಮಗ ಕೋಟು ಬಿಚ್ಚಿ ಬಾಗಿಲು ಮೀಟಿ ತೆರೆದು, ಅಮ್ಮನನ್ನು ಎತ್ತಿ ಇಳಿಸಿ, ಓಡಿಬಂದು ಹೆಂಡತಿಯ ಸೊಂಟ ಹಿಡಿದು ಫೋಟೋಕ್ಕೆ ಹಲ್ಲು ಕಿರಿದಿದ್ದ. ಮರುವರ್ಷ ಅಂಥದ್ದೇ ಒಂದು ಲಿಫ್ಟಿನ ತಳದ ಗುಂಡಿಗೆ ಇಳಿದು ಅವನು ಕೆಲಸ ಮಾಡುತ್ತಿದ್ದಾಗ ಮೇಲೆ ಯಾರೋ ಸ್ವಿಚ್ಚು ಒತ್ತಿದರು.

"ಅದನ್ನ ಮೊದಲು ತೆಗೀರಿ," ಅಂದರು ಅತ್ತೆ. ದನಿ ಒಡೆದಿತ್ತು. "ಒಂದು ಚೂರೂ ಉಳೀಬಾರದು."

ಕಲೆಯಕ್ಕ ಸೊಸೆಯ ಮುಖ ನೋಡಿದಳು. "ತೆಗೀಲಾ?"

"ಹೂಂ."

ಪಿನ್ನು ಒಳಗೆ ಹೋಯಿತು. ಸೊಸೆಗೆ ಏನೂ ಅನ್ನಿಸಲಿಲ್ಲ. ಆಚೆ ಬೀದಿಯಲ್ಲಿ ಯಾರೋ ಗಾಡಿಯಿಂದ ಸಾಮಾನು ಇಳಿಸುವುದನ್ನು ನೋಡುತ್ತಿದ್ದಳು.

ಕಲೆಯಕ್ಕ ಗೌನನ್ನು ಮಗುಚಿ ಹಾಕಿದಳು. ಕುತ್ತಿಗೆ ಪಟ್ಟಿಯನ್ನು ಒಳಮಗ್ಗುಲಿಗೆ ತಿರುಗಿಸಿದವಳು ತುಟಿ ಲೊಚಗುಟ್ಟಿದಳು.

"ಇದು ಕಷ್ಟದ್ದು. ತಲೆಗೂದಲ ಡೈ. ಇದೊಂದಕ್ಕೇ ಉಳಿದಿದ್ದಕ್ಕೆಲ್ಲ ಆಗೋಷ್ಟು ದುಡ್ಡಾಗುತ್ತೆ, ಪೂರ್ತಿ ಹೋಗುತ್ತೆ ಅಂತ ಮಾತು ಕೊಡೋಕಾಗಲ್ಲ. ಮದುವೆ ದಿನ ತಲೆಗೆ ಬಣ್ಣ ಹಾಕಿದ್ರಾ?"

"ನಾನು ಯಾವತ್ತೂ ಹಾಕಿಲ್ಲ," ಅಂದಳು ಸೊಸೆ.

ಬಣ್ಣ ಕೆಂಪಗಿತ್ತು. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಎಂಬ ಗಾದೆ ಕಟ್ಟಿದವರು ಆ ಹೊತ್ತಿನಲ್ಲಿ ನಾದಿನಿಯನ್ನು ನೋಡಬೇಕಿತ್ತು. ಅವಳ ಕೈ ತಾನಾಗಿ ಹಿಂಗತ್ತಿಗೆ ಹೋಯಿತು, ಕೆಂಚುಗೂದಲನ್ನು ಮುಚ್ಚಿತು, ಅಲ್ಲೇ ನಿಂತಿತು.

ಸೊಸೆ ಆ ಕೈಯನ್ನು ನೋಡಿದಳು. ನಾದಿನಿ ಕೂದಲಿಗೆ ಬಣ್ಣ ಹಾಕಿಸಿದ್ದು ಹುಡುಗ ನೋಡಿ ಒಪ್ಪಿದ ವಾರ. ಆಗ ಸೊಸೆ ಊರಲ್ಲಿರಲಿಲ್ಲ. ಗಂಡನನ್ನು ಮಣ್ಣು ಮಾಡಿ, ಗೌನಿದ್ದ ಬೀರುವಿನ ಬೀಗದ ಕೈ ಅತ್ತೆಯ ಕೈಗಿಟ್ಟು ತವರಿಗೆ ಹೋಗಿದ್ದಳು. ಬಾಗಿಲ ಸಂದಿಯಲ್ಲಿ ನಿಂತು ಸಣ್ಣ ದನಿಯಲ್ಲಿ ಕೇಳಿದ್ದು ಅದಾದ ಎಷ್ಟೋ ದಿನದ ಮೇಲೆ.

"ಯಾವಾಗ ಹಾಕ್ಕೊಂಡೆ?" ಅಂದಳು.

"ಅತ್ತಿಗೆ, ಅದು... ಸೈಜು ನೋಡೋಕೆ... ಅಮ್ಮನೇ..."

"ನನ್ನ ಯಾಕೆ ಎಳೀತೀಯೇ?" ಅತ್ತೆ ಗದರಿದರು. ಆಮೇಲೆ ಸೊಸೆಯ ಕಡೆ ತಿರುಗಿ, "ಈಗೇನಾಯ್ತು? ಕೇಳಿದ್ರೆ ಬೇಡ ಅಂತಿದ್ಯಾ ನೀನು? ಹೇಗಿದ್ರೂ ಕೊಡೋವಳು ತಾನೆ ಅಂತ ನೋಡಿದ್ವಿ. ಮನೆ ಹೆಣ್ಣುಮಗಳು, ಹೊರಗಿನೋಳಲ್ಲ. ಕಲೆ ತಾನೆ, ತೊಳೆದ್ರೆ ಹೋಗುತ್ತೆ. ಹಾಕಮ್ಮ ನೀನು ಪಿನ್ನು. ದುಡ್ಡು ಇವಳು ಕೊಡ್ತಾಳೆ."

ಕೋಪ ಬಂತು. ತಿಂಗಳುಗಟ್ಟಲೆ ಮರಗಟ್ಟಿದ್ದ ಕಾಲಿಗೆ ರಕ್ತ ಹರಿದಾಗ ಮೊದಲು ಬರುವುದು ನೋವು. ಅವಳಿಗೆ ಬಂದದ್ದು ಹಾಗೆ, ಅಂಗಾಲಿನಿಂದ ನೆತ್ತಿಯವರೆಗೆ. ಅವಳು ಬಾಗಿ ಸೊಂಟದ ಹತ್ತಿರದ ಪಿನ್ನನ್ನು ಕಿತ್ತಳು. ಮಡಿಲಿನದನ್ನೂ ಅಂಚಿನದನ್ನೂ ಕಿತ್ತಳು. ಚೀಟಿಗಳನ್ನು ಮುದುರಿ ಮೇಜಿನ ಮೇಲೆ ಎಸೆದಳು.

"ಇದ್ಯಾವುದನ್ನೂ ತೆಗೀಬೇಡಿ."

"ನಿಂಗೇನು ತಲೆ ಕೆಟ್ಟಿದ್ಯಾ?"

"ನನ್ನ ದುಡ್ಡಲ್ಲಿ ನನ್ನನ್ನೇ ತೊಳೆಸೋಕೆ ಕರ್ಕೊಂಡು ಬಂದ್ರಲ್ಲ ಅತ್ತೆ. ಅಂಟ್ಕೊಂಡಿರೋಳು ನಾನು, ಅಲ್ವಾ? ನನ್ನ ಹಣೆಬರಹ ನಿಮ್ಮ ಮಗಳಿಗೆ ತಗುಲಬಾರದು. ಆದ್ರೆ ಅದೇ ಬಟ್ಟೇನ ನಾನಿಲ್ಲದಾಗ ತೆಗೆದು ಹಾಕ್ಕೊಂಡು ಕನ್ನಡಿ ಮುಂದೆ ಸುತ್ತೋವಾಗ ಏನೂ ತಗುಲಲಿಲ್ಲ."

"ಮೆತ್ತಗೆ ಮಾತಾಡು. ಹೊರಗಿನೋರಿದ್ದಾರೆ."

"ಇರಲಿ. ಕೇಳಿಸ್ಕೊಳ್ಳಲಿ."

ಕಲೆಯಕ್ಕ ಪಿನ್ನುಗಳನ್ನು ಡಬ್ಬಿಗೆ ತುಂಬಿಕೊಳ್ಳುವವಳಂತೆ ತಲೆ ತಗ್ಗಿಸಿದಳು. ಕಿವಿ ಮಾತ್ರ ಮೇಜಿನ ಈಚೆಗೇ ಇತ್ತು.

"ಆ ಗ್ರೀಸು ನಿಮ್ಮ ಮಗನ ಕೈಯಿಂದು," ಅಂದಳು ಸೊಸೆ. "ನಿಮ್ಮನ್ನ ಹೊರಗೆ ಎತ್ತಿದ ಕೈ."

"ಗೊತ್ತು ಕಣೇ!" ಅತ್ತೆ ಮೇಜಿನ ಅಂಚನ್ನು ಹಿಡಿದುಕೊಂಡರು. "ಗೊತ್ತಿರೋದಕ್ಕೇ ಬೇಡ ಅಂದಿದ್ದು. ಅದನ್ನ ಮೈಮೇಲೆ ಹಾಕ್ಕೊಂಡು ನನ್ನ ಮಗಳು ಎದುರಿಗೆ ನಿಂತ್ರೆ ನಾನು ಏನು ನೋಡ್ಲಿ? ನಿಂಗೆ ಗಂಡ. ನಂಗೆ ಹೊಟ್ಟೇಲಿ ಹುಟ್ಟಿದ್ದು."

ಬೇರೆ ದಿನವಾಗಿದ್ದರೆ ಸೊಸೆ ಆ ಮಾತಿಗೆ ಕರಗುತ್ತಿದ್ದಳೇನೋ. ಅದು ನಿಜವಾದ ಮಾತು ಎಂದು ಅವಳಿಗೆ ತಿಳಿದಿತ್ತು. ನಿಜವಾದ ಮಾತನ್ನೇ ಮುಂದೆ ಹಿಡಿದು ಬೀಗದ ಕೈಯನ್ನು ಸೆರಗಿನಲ್ಲಿ ಮುಚ್ಚಿಡುತ್ತಿದ್ದಾರೆ ಎಂಬುದೂ ತಿಳಿದಿತ್ತು. ಕೋಪ ಇನ್ನಷ್ಟೇ ಏರಿತು.

"ಹಾಗಿದ್ರೆ ನೋಡಬೇಡಿ," ಅಂದಳು. "ಅವಳು ಇದನ್ನ ಹಾಕ್ಕೊಳ್ಳಲ್ಲ."

ನಾದಿನಿಯ ಕಣ್ಣಲ್ಲಿ ನೀರು ತುಂಬಿತು. "ಎಲ್ಲರಿಗೂ ಹೇಳಾಗಿದೆ ಅತ್ತಿಗೆ. ನಾನೇನು ಹಾಕ್ಕೊಳ್ಳಲಿ?"

"ಇದನ್ನಂತೂ ಹಾಕ್ಕೊಂಡಾಯ್ತಲ್ಲ."

"ನಮ್ಮಲ್ಲೇ ಬಾಡಿಗೆಗೆ ಇದೆಯಮ್ಮ," ಕಲೆಯಕ್ಕ ತಡೆಯಲಾರದೆ ಬಾಯಿ ಹಾಕಿದಳು. "ತೊಳೆದಿದ್ದು. ಯಾರು ಹಾಕ್ಕೊಂಡಿದ್ರು ಅಂತ ನಮಗೂ ಗೊತ್ತಿಲ್ಲ, ನಿಮಗೂ ಗೊತ್ತಾಗಲ್ಲ."

ಅತ್ತೆ ಬಾಗಿಲು ತಳ್ಳಿಕೊಂಡು ಹೊರಗೆ ಹೋದರು.

ಸೊಸೆ ಗೌನಿನ ಕುತ್ತಿಗೆ ಪಟ್ಟಿಯನ್ನು ದೀಪದ ಕೆಳಗೆ ಇಟ್ಟಳು. "ಇದೊಂದನ್ನ ತೆಗೀರಿ. ಬೇರೆ ಎಲ್ಲೂ ಒಂದು ಹನಿ ಬೀಳಬಾರದು. ಇದು ಇವಳದು, ದುಡ್ಡು ಇವಳೇ ಕೊಡ್ತಾಳೆ."

"ಪೂರ್ತಿ ಹೋಗುತ್ತೆ ಅಂತ ಮಾತು ಕೊಡೋಕಾಗಲ್ಲ ಅಂದ್ನಲ್ಲ."

"ಹೋದಷ್ಟು ಹೋಗಲಿ. ಬಟ್ಟೇನ ನನ್ನ ಕೈಗೇ ಕೊಡಬೇಕು. ಮನೆಯವರು ಅಂತ ಯಾರು ಬಂದ್ರೂ ಕೊಡಬೇಡಿ."

ನಾದಿನಿ ಮೂಗು ಒರೆಸಿಕೊಳ್ಳುತ್ತ ಚೀಲ ಬಿಚ್ಚಿದಳು. ಇದ್ದದ್ದು ಸಾಲದೆ ಹೊರಗೆ ಹೋಗಿ ಅಮ್ಮನ ಹತ್ತಿರ ಇಸಿದುಕೊಂಡು ಬಂದಳು. ಸೊಸೆ ಮುಖ ತಿರುಗಿಸದೆ ನಿಂತು ನೋಡಿದಳು. ಅಯ್ಯೋ ಪಾಪ ಅನ್ನಿಸಬಹುದೇನೋ ಎಂದು ಕಾದಳು. ಅನ್ನಿಸಲಿಲ್ಲ.

ಮನೆ ಒಂದೇ ಆದ್ದರಿಂದ ಮೂವರಿಗೂ ಬಸ್ಸೂ ಒಂದೇ. ನಿಲ್ದಾಣದಲ್ಲಿ ಅತ್ತೆ ಕಂಬಕ್ಕೆ ಒರಗಿ ಬೇರೆ ಕಡೆ ನೋಡುತ್ತಿದ್ದರು. ಬಸ್ಸು ಬಂದಾಗ ತಾಯಿ ಮಗಳು ಮುಂದೆ ಹತ್ತಿ ಮೂವರು ಕೂರುವ ಸೀಟಿನಲ್ಲಿ ಕೂತರು. ಮಗಳು ಕಿಟಕಿಯ ಕಡೆ ಸರಿದು ಜಾಗ ಮಾಡಿದಳು. ಅತ್ತೆ ಸೀಟಿನ ಮೇಲಿದ್ದ ಚೀಲವನ್ನು ತೊಡೆಗೆ ಎತ್ತಿಕೊಂಡರು.

ಸೊಸೆ ಮನೆ ಬರುವವರೆಗೂ ನಿಂತೇ ಬಂದಳು.