ಗಟ್ಟಿಯಾದ ಸೂಪು

"ಇದು ಸೂಪಲ್ಲ ಕಣೆ, ಕೋಳಿ ಸ್ನಾನ ಮಾಡಿ ಹೋದ ನೀರು," ಎಂದು ಅತ್ತೆ ಬಟ್ಟಲನ್ನು ಸರಿಸಿ ಗೋಡೆಯ ಕಡೆ ಹೊರಳಿದರು.

ಸೊಸೆ ಬಟ್ಟಲೊಳಗೆ ಬಗ್ಗಿ ನೋಡಿದಳು. ತಿಳಿಯಾಗಿತ್ತು, ತಳ ಕಾಣುತ್ತಿತ್ತು. ರುಚಿ ನೋಡೋಣವೆಂದರೆ ಅವಳು ಹುಟ್ಟಿದಾಗಿನಿಂದ ಮಾಂಸ ತಿಂದವಳಲ್ಲ. ಈ ಮನೆಯಲ್ಲಿ ಅದನ್ನೆಲ್ಲ ಬೇಯಿಸುತ್ತಿದ್ದವರು ಅತ್ತೆ. ಹೊಟ್ಟೆಯ ಆಪರೇಷನ್ ಆಗಿ ಅವರು ಹಾಸಿಗೆ ಹಿಡಿದಿದ್ದರು. ಗಂಡ ಲಾರಿ ತೆಗೆದುಕೊಂಡು ದೂರ ಹೋಗಿದ್ದ. ಆಸ್ಪತ್ರೆಯಿಂದ ಬಂದಾಗಿನಿಂದ ಅತ್ತೆ ಏನು ಕೊಟ್ಟರೂ ಎರಡು ಚಮಚಕ್ಕೆ ಸಾಕೆನ್ನುತ್ತಿದ್ದರು. ಎದ್ದು ನಾಲ್ಕು ಹೆಜ್ಜೆ ನಡೆಯಿರಿ ಎಂದರೆ ಕಣ್ಣು ಮುಚ್ಚಿಕೊಳ್ಳುತ್ತಿದ್ದರು. ಹೀಗೇ ಆದರೆ ವಾಪಸ್ ಕರೆತನ್ನಿ, ಮೂಗಿಗೆ ನಳಿಕೆ ಹಾಕಬೇಕಾಗುತ್ತದೆ ಎಂದು ಡಾಕ್ಟರು ಹೇಳಿದ್ದರು.

"ಏನು ತಪ್ಪಾಯ್ತು ಅತ್ತೆ?"

"ಚರ್ಮ ಹಾಕಿದ್ಯಾ?"

"ತೆಗೆಸಿಬಿಟ್ಟೆ."

"ಕಾಲು? ಕತ್ತು?"

"ಅವನ್ನೂ ಬೇಡ ಅಂದೆ, ನೋಡೋಕೆ ಒಂಥರಾ ಇತ್ತು. ಉಳಿದದ್ದನ್ನ ಬಿಸಿನೀರಲ್ಲಿ ಚೆನ್ನಾಗಿ ತಿಕ್ಕಿ ತೊಳೆದೆ."

"ಸೋಪು ಹಾಕಿಲ್ಲ ತಾನೆ?"

ಸೊಸೆಗೆ ನಗು ಬಂತು. ಅತ್ತೆ ನಗಲಿಲ್ಲ.

ಮರುದಿನ ಅವಳು ಮತ್ತೆ ಕೋಳಿ ಅಂಗಡಿಗೆ ಹೋದಳು. "ನಿನ್ನೆ ಬೇಡ ಅಂದ್ರಲ್ಲಮ್ಮಾ, ಇವತ್ತು ಬರೀ ಕಾಲೂ ಕತ್ತೂ ಕೇಳ್ತಿದೀರಾ," ಎಂದು ಅಂಗಡಿಯವನು ಹುಬ್ಬೇರಿಸಿದ. ಮನೆಗೆ ತಂದು ಕಾಲುಗಳನ್ನು ಬಿಸಿನೀರಿಗೆ ಅದ್ದಿದಾಗ ಮೇಲಿನ ಹಳದಿ ಪೊರೆ ಕಾಲುಚೀಲದ ಹಾಗೆ ಕಳಚಿ ಬಂತು. ಅಸಹ್ಯವಾಗಬೇಕಿತ್ತು. ಆದರೆ ಅವಳು ಒಂದು ಕಾಲನ್ನು ಹಿಡಿದು, ಅದರ ಬೆರಳುಗಳನ್ನು ಮಡಚಿ, ಬಿಡಿಸಿ, ಮತ್ತೆ ಮಡಚಿ ನೋಡುತ್ತಾ ನಿಂತುಬಿಟ್ಟಳು.

"ಸದ್ದೇ ಇಲ್ಲ! ಏನು ಮಾಡ್ತಿದೀಯ?" ಕೋಣೆಯಿಂದ ಅತ್ತೆ ಕೂಗಿದರು.

"ಬಂದೆ, ಒಲೆ ಮೇಲಿಡ್ತಿದೀನಿ."

"ತಣ್ಣೀರಲ್ಲೇ ಇಡು. ಉರಿ ಸಣ್ಣಗಿರಲಿ."

ಮೇಲೆ ಬಂದ ನೊರೆಯನ್ನು ತೆಗೆದು, ಈರುಳ್ಳಿ, ಶುಂಠಿ, ನಾಲ್ಕು ಮೆಣಸಿನ ಕಾಳು ಹಾಕಿದಳು. ಸ್ವಲ್ಪ ಹೊತ್ತಿಗೆ ಮತ್ತೆ ಕೂಗು.

"ಉರಿ ಇಳಿಸು, ಕುದೀತಿದೆ."

"ಅಲ್ಲಿಂದ ಹೇಗೆ ಗೊತ್ತಾಯ್ತು?"

"ಕೇಳ್ತಿದೆಯಲ್ಲ. ಅದು ಗೊಣಗಬೇಕು ಅಷ್ಟೇ, ಜಗಳಕ್ಕೆ ಬರಬಾರದು."

"ನಿಮ್ಮ ಹಾಗೆ."

"ನಾನು ಯಾವತ್ತೇ ಗೊಣಗಿದೀನಿ?"

ಮಧ್ಯಾಹ್ನವೆಲ್ಲ ಅದು ಗೊಣಗಿತು. ಸಂಜೆ ಸೋಸುವ ಹೊತ್ತಿಗೆ ಅತ್ತೆಗೆ ನಿದ್ದೆ ಹತ್ತಿತ್ತು. ಎಬ್ಬಿಸಲು ಮನಸ್ಸಾಗದೆ ಅವಳು ಪಾತ್ರೆಯನ್ನು ಫ್ರಿಜ್ಜಿನಲ್ಲಿಟ್ಟಳು.

ಬೆಳಿಗ್ಗೆ ತೆಗೆದರೆ ಮೇಲೆ ಹಳದಿ ಕೊಬ್ಬು ಮುಚ್ಚಳದಂತೆ ಕೂತಿತ್ತು. ಅದನ್ನು ಎತ್ತಿದಳು. ಕೆಳಗೆ ಸೂಪಿರಲಿಲ್ಲ. ಜೇನಿನ ಬಣ್ಣದ ಏನೋ ಒಂದು ಗಟ್ಟಿಯಾಗಿ ನಿಂತಿತ್ತು. ಪಾತ್ರೆ ವಾಲಿಸಿದರೂ ಹರಿಯಲಿಲ್ಲ. ಅವಳು ಕೆಲಸ ಮಾಡುತ್ತಿದ್ದುದು ರಕ್ತ ಪರೀಕ್ಷೆಯ ಲ್ಯಾಬಿನಲ್ಲಿ. ದ್ರವವಾಗಿರಬೇಕಾದ ರಕ್ತ ಹೆಪ್ಪುಗಟ್ಟಿದರೆ ಅಲ್ಲಿ ಎರಡನೇ ಮಾತಿಲ್ಲ, ಎಸೆಯುವುದೇ. ಪಾತ್ರೆಯನ್ನು ಸಿಂಕಿಗೆ ಒಯ್ದು ಚಮಚದಿಂದ ಒಂದು ತುಂಡು ಎತ್ತಿದಳು. ಎಸೆಯುವ ಮುಂಚೆ ಯಾಕೋ ಕಿಟಕಿಯ ಬೆಳಕಿಗೆ ಹಿಡಿದಳು. ಅದು ನಡುಗಿತು, ಅದರೊಳಗಿಂದ ಹೊರಗಿನ ತಂತಿಯ ಬಟ್ಟೆಗಳು ತಲೆಕೆಳಗಾಗಿ ಕಂಡವು.

"ಅತ್ತೆ, ಸೂಪು ಹಾಳಾಗೋಯ್ತು. ಹೆಪ್ಪುಗಟ್ಟಿದೆ. ಚೆಲ್ಲಿಬಿಡ್ತೀನಿ."

ಕೋಣೆಯಲ್ಲಿ ಮಂಚ ಕಿರುಗುಟ್ಟಿತು. ಏನೋ ಉರುಳಿತು. ಅವಳು ತಿರುಗುವಷ್ಟರಲ್ಲಿ ಒಂದು ಕೈ ಹೊಟ್ಟೆಯ ಮೇಲೆ, ಒಂದು ಕೈ ಗೋಡೆಯ ಮೇಲೆ ಇಟ್ಟುಕೊಂಡು ಅತ್ತೆ ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದರು.

"ಚೆಲ್ಲು ನೋಡೋಣ. ಅದರ ಹಿಂದೆ ನಿನ್ನನ್ನೂ ಕಳಿಸ್ತೀನಿ."

"ಅಯ್ಯೋ, ಒಬ್ಬರೇ ಎದ್ದು ಬಂದ್ರಾ!"

"ಮತ್ತೆ ಹೊತ್ತುಕೊಂಡು ಬರೋಕೆ ನಿನ್ನ ಗಂಡ ಇದಾನಾ? ಸರಿ ಅತ್ಲಾಗೆ." ಅತ್ತೆ ಪಾತ್ರೆಯ ಕಂಠಕ್ಕೆ ಬೆರಳಲ್ಲಿ ತಟ್ಟಿದರು. ಒಳಗಿದ್ದದ್ದು ಅಂಚಿನಿಂದ ಅಂಚಿಗೆ ನಡುಗಿತು. ಅವರು ಇನ್ನೊಮ್ಮೆ ತಟ್ಟಿದರು. "ಕಟ್ಟಿದೆ! ನಾನು ಕಲಿಯೋವಾಗ ಎಷ್ಟು ಕೋಳಿ ಹಾಳು ಮಾಡಿದೀನಿ ಗೊತ್ತಾ?"

"ಇದು ಹೀಗೇ ಇರಬೇಕಾ?"

"ಒಲೆ ಹಚ್ಚು, ನಿನಗೇ ಗೊತ್ತಾಗುತ್ತೆ."

ಬಿಸಿ ತಾಗಿದ ಕೂಡಲೇ ಗಟ್ಟಿಯಾಗಿದ್ದದ್ದು ತಳದಿಂದ ಜಾರಿತು, ಅಂಚು ಮೆತ್ತಗಾಯಿತು, ಸುತ್ತ ಹೊಂಬಣ್ಣದ ರಸ ಏರತೊಡಗಿತು. ಸೊಸೆ ಆವಿಗೆ ಮುಖವೊಡ್ಡಿ ನೋಡುತ್ತಿದ್ದಳು.

"ಇಷ್ಟು ಹೊತ್ತು ಇದು ಎಲ್ಲಿತ್ತು?"

"ಕೀಲುಗಳಲ್ಲಿ. ಮೊನ್ನೆ ಬೇಡ ಅಂದೆಯಲ್ಲ, ಅದರೊಳಗೆ."

ಕರಗಿದಷ್ಟನ್ನು ಬಟ್ಟಲಿಗೆ ಬಗ್ಗಿಸಿ ಉಪ್ಪು ಹಾಕಿ ಕೊಟ್ಟಳು. ಹಾಸಿಗೆಗೆ ಹೋಗೋಣ ಎಂದರೆ ಅತ್ತೆ ಕೇಳಲಿಲ್ಲ. ಸ್ಟೂಲು ಎಳೆಸಿಕೊಂಡು ಒಲೆಯ ಪಕ್ಕದಲ್ಲೇ ಕೂತರು. ಒಂದು ಚಮಚ ಕುಡಿದು, ತುಟಿಗೆ ತುಟಿ ಒತ್ತಿ, ಅಂಟುತ್ತದೆಯೇ ಎಂದು ಪರೀಕ್ಷಿಸಿದರು. ಎರಡನೇ ಚಮಚ ಆಯಿತು. ಸೊಸೆ ಉಸಿರು ಹಿಡಿದಳು. ಅತ್ತೆ ಚಮಚವನ್ನು ಬದಿಗಿಟ್ಟು, ಬಟ್ಟಲನ್ನೇ ಎರಡೂ ಕೈಯಲ್ಲಿ ಎತ್ತಿ ಬಾಯಿಗೆ ಹಿಡಿದರು.

ಆಮೇಲೆ ಖಾಲಿ ಬಟ್ಟಲನ್ನು ಮುಂದೆ ಚಾಚಿದರು.

"ಇರಿ ಅತ್ತೆ, ಉಳಿದದ್ದು ಇನ್ನೂ ಪೂರ್ತಿ ಕರಗಿಲ್ಲ."

ಪಾತ್ರೆಯ ನಡುವೆ ನಿಂಬೆಗಾತ್ರದ ತುಂಡೊಂದು ರಸದಲ್ಲಿ ಮೆಲ್ಲಗೆ ಸುತ್ತುತ್ತಿತ್ತು. ಅತ್ತೆ ಕತ್ತು ಚಾಚಿದರು, ಸೊಸೆ ಬಗ್ಗಿದಳು. ಅದು ಸಣ್ಣಗಾಗುತ್ತಾ ಹೋಗುವುದನ್ನು ಇಬ್ಬರೂ ನೋಡುತ್ತಿದ್ದರು.