ಎಲ್ಸ್‌ಪೆಟ್ ಇಂಗ್ಲಿಷ್ ಮರೆತ ಚಳಿಗಾಲ

ಎಲ್ಸ್‌ಪೆಟ್ ಡಥಿಗೆ ಲಕ್ವ ಹೊಡೆದದ್ದು ಒಲೆಯ ಮೇಲೆ ಓಟ್ಸ್ ಗಂಜಿ ಕುದಿಯುತ್ತಿದ್ದಾಗ. ತಳ ಹತ್ತಿದ ವಾಸನೆ ಪಕ್ಕದ ನನ್ನ ಮನೆಗೂ ಬಂತು. ಓಡಿಹೋಗಿ ನೋಡಿದರೆ ನೆಲದ ಮೇಲೆ ಬಿದ್ದಿದ್ದಳು. ನಾನು ಜಿನೆಟ್ ಕೌವಿ. ಪೋರ್ಟ್‌ಗಾರ್ವಿ ಎಂಬ ಸ್ಕಾಟ್ಲೆಂಡಿನ ಬಂದರಿನಲ್ಲಿ ಒಂದೇ ತೊಟ್ಟಿಯ ಎದುರು ನಿಂತು ಹೆರಿಂಗ್ ಮೀನಿನ ಹೊಟ್ಟೆ ಸೀಳುತ್ತ ಮುದುಕಿಯರಾದವರು ನಾವಿಬ್ಬರು.

ಆಸ್ಪತ್ರೆಯಲ್ಲಿ ಅವಳಿಗೆ ಎಚ್ಚರವಾದಾಗ ಬಲಗೈ ಸೋತಿತ್ತು. ಮಾತೇನೋ ಇತ್ತು. ಆದರೆ ಇಂಗ್ಲಿಷ್ ಪೂರ್ತಿ ಅಳಿಸಿಹೋಗಿ ನಮ್ಮ ಮನೆಮಾತು ಸ್ಕಾಟ್ಸ್ ಒಂದೇ ಉಳಿದಿತ್ತು. ನಮಗೆ ದೋಣಿ, ಅಡುಗೆಮನೆ, ಜಗಳ ಎಲ್ಲವೂ ಸ್ಕಾಟ್ಸಿನಲ್ಲಿ. ಶಾಲೆ, ಚರ್ಚು, ಡಾಕ್ಟರು ಇಂಗ್ಲಿಷಿನಲ್ಲಿ. ಹಾಗೆಯೇ ಬದುಕಿದವರು.

ಇದರಿಂದ ಹೆಚ್ಚು ಕಂಗಾಲಾದವಳು ಮಗಳು ರೋನಾ. ಎಲ್ಸ್‌ಪೆಟ್ ಅವಳೊಂದಿಗೆ ಒಂದು ದಿನವೂ ಸ್ಕಾಟ್ಸ್ ಆಡಿದವಳಲ್ಲ. ಎಲ್ಸ್‌ಪೆಟ್ ಶಾಲೆಯ ಹುಡುಗಿಯಾಗಿದ್ದಾಗ ‘ಗೊತ್ತು’ ಅನ್ನಲು ‘ಕೆನ್’ ಅಂದಳೆಂದು ಮಾಸ್ತರರು ಚರ್ಮದ ಪಟ್ಟಿಯಿಂದ ಅವಳ ಅಂಗೈಗೆ ಬಾರಿಸಿದ್ದರು. ತನ್ನ ಮಗಳ ಅಂಗೈ ಹಾಗೆ ಊದಿಕೊಳ್ಳದಿರಲೆಂದು ಇಂಗ್ಲಿಷಿನಲ್ಲೇ ಮುದ್ದು ಮಾಡಿ, ಇಂಗ್ಲಿಷಿನಲ್ಲೇ ಬೈದು ಬೆಳೆಸಿದಳು. ನಾವು ಹರಟುತ್ತಿರುವಾಗ ರೋನಾ ಒಳಗೆ ಬಂದರೆ ಸಾಕು, ಎಲ್ಸ್‌ಪೆಟ್‌ಳ ಮಾತು ತಟ್ಟನೆ ಬದಲಾಗುತ್ತಿತ್ತು. ರೋನಾ ಈಗ ಇದೇ ನಾಡಿನ ಪರ್ತ್‌ನಲ್ಲಿ ಕನ್ನಡಕದ ಅಂಗಡಿ ಇಟ್ಟಿದ್ದಾಳೆ. ನಮ್ಮ ಮಾತು ಅವಳಿಗೆ ಅರ್ಥವಾಗುತ್ತಿತ್ತು. ನಾಲಿಗೆಗೆ ಮಾತ್ರ ಬರುತ್ತಿರಲಿಲ್ಲ.

ಡಾಕ್ಟರ್ ಪ್ರೆಂಟಿಸ್ ದಕ್ಷಿಣದ ಇಂಗ್ಲೆಂಡಿನವನು, ಇನ್ನೂ ಚಿಕ್ಕ ವಯಸ್ಸು. ಚಿತ್ರಗಳನ್ನು ಹಿಡಿದು ಅವಳನ್ನು ಪರೀಕ್ಷೆ ಮಾಡಿದ. ಟರ್ನಿಪ್ ಗಡ್ಡೆಯ ಚಿತ್ರಕ್ಕೆ ಅವಳು “ನೀಪ್” ಅಂದಳು. ಕಿವಿಗೆ “ಲಗ್” ಅಂದಳು. ಗೂಬೆಗೆ “ಹೂಲೆಟ್.” ಮೂರೂ ನಮ್ಮ ಮಾತಿನಲ್ಲಿ ಸರಿಯಾದ ಹೆಸರುಗಳೇ. ಅವನು ಪ್ರತಿಯೊಂದಕ್ಕೂ ತಪ್ಪು ಗುರುತು ಹಾಕಿದ.

“ಮಿಸೆಸ್ ಡಥಿ, ಸ್ವಲ್ಪ ಸರಿಯಾಗಿ ನೋಡಿ ಹೇಳ್ತೀರಾ?”

“ಸರಿಯಾಗೇ ನೋಡೇನಿ. ನನ್ನ ಬಾಯಿ ನೆಟ್ಟಗೈತಿ ಮಗಾ, ಲಕ್ವಾ ಹೊಡದಿದ್ದು ನಿನ್ನ ಕಿವಿಗೆ!”

ಪಕ್ಕದಲ್ಲಿದ್ದ ನರ್ಸ್ ನಮ್ಮ ಕಡೆಯವಳು. ಮುಖ ಆ ಕಡೆ ತಿರುಗಿಸಿ, ನಗು ನುಂಗುತ್ತ ಹೆಗಲು ಕುಣಿಸಿದಳು. ಡಾಕ್ಟರ್ ನನ್ನನ್ನು ಕೇಳಿದ: “ಏನಂದ್ರು?”

“ನಿಮ್ಮ ಟೈ ಚೆನ್ನಾಗಿದೆಯಂತೆ” ಎಂದೆ.

ಕೆಲವು ದಿನಗಳ ನಂತರ ನಮ್ಮನ್ನೆಲ್ಲ ಒಂದು ಕೋಣೆಗೆ ಕರೆದರು. ಡಾಕ್ಟರ್, ಸಮಾಜ ಕಲ್ಯಾಣದವಳೊಬ್ಬಳು, ಗಾಲಿಕುರ್ಚಿಯಲ್ಲಿ ಎಲ್ಸ್‌ಪೆಟ್, ರೋನಾ, ನಾನು. ಅವಳನ್ನು ವೃದ್ಧಾಶ್ರಮಕ್ಕೆ ಕಳಿಸುವ ತೀರ್ಮಾನ ಆಗಲೇ ಆದಂತಿತ್ತು.

“ಅವರಿಗೇ ಧೈರ್ಯ ಇಲ್ಲ” ಎಂದ ಡಾಕ್ಟರ್. “ಮನೆಯಲ್ಲಿ ಒಬ್ಬರೇ ಇರ್ತೀರಾ ಅಂತ ನಿನ್ನೆ ಕೇಳಿದೆ. ನಿಭಾಯಿಸ್ತೀನೋ ಇಲ್ವೋ ಡೌಟ್ ಅಂದ್ರು. ಅದೊಂದು ಮಾತು ಸ್ಪಷ್ಟವಾಗಿತ್ತು.”

ರೋನಾ ತಲೆಯೆತ್ತಿದಳು. “ಡೌಟ್ ಅಂದ್ರಾ, ಡೂಟ್ ಅಂದ್ರಾ?”

“ಡೂಟ್. ಎರಡೂ ಒಂದೇ ಅಲ್ವಾ?”

ಒಂದೇ ಅಲ್ಲ. ಮೋಡ ಕವಿದಾಗ ನಾವು ‘ಮಳೆ ಬರುತ್ತೆ, ಡೂಟ್’ ಅಂದರೆ ಕೊಡೆ ತೆಗೆದುಕೋ ಎಂದರ್ಥ. ಹಾಗೇ ಆಗುತ್ತದೆ ಎಂದು ನನಗೆ ಅನ್ನಿಸುತ್ತದೆ ಅನ್ನುವುದಕ್ಕೆ ನಮ್ಮಲ್ಲಿ ಆ ಪದ.

“ನಾನು ಚೆನ್ನಾಗೇ ನಿಭಾಯಿಸ್ತೀನಿ ಅನ್ಸುತ್ತೆ ಅಂತ ಅಮ್ಮ ಹೇಳಿದ್ದು” ಎಂದಳು ರೋನಾ. “ನೀವು ಅದನ್ನ ತಲೆಕೆಳಗು ಮಾಡಿ ಅವರನ್ನ ಆಶ್ರಮಕ್ಕೆ ಹಾಕ್ತಿದ್ದೀರಿ.”

ಡಾಕ್ಟರ್ ಕೆಂಪಾದ. ಸಮಾಜ ಕಲ್ಯಾಣದವಳು ಸಮಾಧಾನದ ದನಿ ತೆಗೆದಳು: “ಹಳ್ಳಿ ಕಡೆ ಇಂಗ್ಲಿಷು, ಗೊಂದಲ ಆಗೋದು ಸಹಜ.”

ನನ್ನ ಪಿತ್ತ ನೆತ್ತಿಗೇರಿತು. “ಸ್ಕಾಟ್ಲೆಂಡಿನ ರಾಜರು ಕಾನೂನು ಬರೆಸಿದ್ದು ಇದೇ ಮಾತಲ್ಲಿ. ರಾಜ ಲಂಡನ್ನಿಗೆ ಹೋಗಿ ಕೂತ ಮೇಲೆ ಇದು ಹಳ್ಳಿ ಇಂಗ್ಲಿಷಾಯ್ತಾ?” ಅಂದೆ. ಆಕೆ ತಲೆಯಾಡಿಸಿ “ಹೌದಾ, ಗೊತ್ತಿರ್ಲಿಲ್ಲ” ಎಂದು ಮತ್ತೆ ಆಶ್ರಮದ ಖಾಲಿ ಕೋಣೆಯ ಮಾತಿಗೇ ಬಂದಳು. ನನ್ನ ಕೂಗಾಟದಿಂದ ಒಂದು ಕಡ್ಡಿಯೂ ಅಲುಗಲಿಲ್ಲ.

ಆಗ ರೋನಾ ಎದ್ದು ನಿಂತಳು. ಮೇಜನ್ನು ಹಿಡಿದುಕೊಂಡು, ಹುಟ್ಟಿದಂದಿನಿಂದ ಒಮ್ಮೆಯೂ ಆಡದ ಭಾಷೆಯಲ್ಲಿ ಒಂದೊಂದೇ ಪದವನ್ನು ಕಿತ್ತು ತೆಗೆದಳು.

“ನಮ್ಮವ್ವ... ಮನೀಗೆ ಬರ್ತಾಳ. ನಾ ಕರಕೊಂಡು ಹೋಗಾಕಿ. ನಾ ಅಕಿ ಡಾಕ್ಟರ್.”

ಎಲ್ಸ್‌ಪೆಟ್ ಬಾಯಿ ತೆರೆದು ಮಗಳನ್ನೇ ನೋಡಿದಳು. ಕಣ್ಣು ತುಂಬಿ ಬಂತು. ಆದರೂ ಸುಮ್ಮನಿರುವ ಜೀವವಲ್ಲ ಅದು.

“ಡಾಕ್ಟರ್ ಅಲ್ಲಿ ಟೈ ಕಟಗೊಂಡು ಕುಂತಾನ! ನೀ ಡಾಖ್ಟರ್! ಮಗಳು ಅನ್ನಾಕ ಗಂಟಲಾಗಿಂದ ತಗೀಬೇಕ ಹುಡುಗೀ, ಬೆಕ್ಕು ಕೂದಲ ಕಾರಿದಂಗ. ಅನ್ನು ನೋಡೂಣು!”

“ಡಾಖ್ಟರ್” ಎಂದಳು ರೋನಾ, ಅಳುತ್ತ.

“ಇನ್ನೊಮ್ಮಿ!”

“ಡಾಖ್ಟರ್!”

ಸಮಾಜ ಕಲ್ಯಾಣದವಳಿಗೆ ನಗು ತಡೆಯಲಾಗಲಿಲ್ಲ. ಡಾಕ್ಟರ್ ತನ್ನ ಟೈ ಮುಟ್ಟಿಕೊಂಡು, ಇದು ತನ್ನ ಬಗ್ಗೆಯೇ ಏನೋ ಎಂದು ನಮ್ಮನ್ನೆಲ್ಲ ನೋಡಿದ. ರೋನಾ ಅವನಿಗೆ ಇಂಗ್ಲಿಷಿನಲ್ಲೇ ಹೇಳಿದಳು: “ನನ್ನಮ್ಮನಿಗೆ ಬುದ್ಧಿ ನೆಟ್ಟಗಿದೆ. ಇಲ್ಲ ಅಂತ ಸಾಬೀತು ಮಾಡೋದಾದ್ರೆ ಅವರ ಭಾಷೆಯಲ್ಲಿ ಪರೀಕ್ಷೆ ಮಾಡಿ ತನ್ನಿ. ಅಲ್ಲೀವರೆಗೂ ನಾನು ಯಾವುದಕ್ಕೂ ಒಪ್ಪಲ್ಲ.” ಅಂಥ ಪರೀಕ್ಷೆ ಯಾರ ಹತ್ತಿರವೂ ಇರಲಿಲ್ಲ. ವಸಂತದವರೆಗೆ ಮನೆಯಲ್ಲಿಟ್ಟು ನೋಡೋಣ ಎಂದು ಅವರೇ ಇಳಿದು ಬಂದರು.

ರೋನಾ ಅಂಗಡಿಯನ್ನು ಸಹಾಯಕಿಗೆ ಒಪ್ಪಿಸಿ ಬಂದು ಆ ಚಳಿಗಾಲವೆಲ್ಲ ಇಲ್ಲೇ ಉಳಿದಳು. ತಾಯಿ ಎಡಗೈಯಲ್ಲಿ ಗಂಜಿ ಕಲಕಲು ಕಲಿತಳು. ಮಗಳು ಮಾತಾಡಲು ಕಲಿತಳು. ಕಿಟಕಿಯಿಂದ ದೂರದ ದೋಣಿ ತೋರಿಸಿ ಮಗಳು ‘ಅದು’ ಅಂದರೆ ಬೈಗುಳ ಬೀಳುತ್ತಿತ್ತು. “ಅದು ಅಂದ್ರ ಮೇಜಿನ ಮ್ಯಾಗ ಇರೂದು. ಅಷ್ಟು ಆಚೀಗೆ ಇದ್ರ ‘ಯಾನ್’ ಅನಬೇಕು. ಇಂಗ್ಲಿಷಿನ್ಯಾಗ ಇದು, ಅದು ಎರಡ ಐತಿ ಅಂತ ನಮ್ಮ ಮೂರನೇದನ್ನ ಕತ್ತರಸ್ತೀ ಏನು?” ಗೋಡೆಯ ಈಚೆ ಕೂತು ನಾನು ನಗುತ್ತಿದ್ದೆ. ಇಷ್ಟು ವರ್ಷ ಹೀಗೆ ಮಾತಾಡದೆ ಹೋದದ್ದು ಒಮ್ಮೊಮ್ಮೆ ಇಬ್ಬರಿಗೂ ಚುಚ್ಚುತ್ತಿತ್ತೆಂದು ಕಾಣುತ್ತದೆ.

ಏಪ್ರಿಲ್‌ನಲ್ಲಿ ರೋನಾ ಪೇಟೆಗೆ ಹೋಗಿದ್ದ ಒಂದು ಬೆಳಿಗ್ಗೆ ನಾನು ಹಿಂಬಾಗಿಲಿನಿಂದ ಒಳಗೆ ಹೋದರೆ, ಎಲ್ಸ್‌ಪೆಟ್ ರೇಡಿಯೋದಲ್ಲಿ ಮಾತಾಡುತ್ತಿದ್ದ ಮಂತ್ರಿಗೆ ಅಪ್ಪಟ ಇಂಗ್ಲಿಷಿನಲ್ಲಿ ಬೈಯುತ್ತಿದ್ದಳು. ನನ್ನನ್ನು ಕಂಡು ರೇಡಿಯೋ ಆರಿಸಿದಳು.

“ಯಾವಾಗ ಬಂತ ಇದು?” ಎಂದೆ.

“ಆತು ಹದಿನೈದಿಪ್ಪತ್ತು ದಿನ. ಬಾಯಿ ಮುಚ್ಚಗೊಂಡಿರು ಜಿನೆಟ್. ಅಕಿಗೆ ಗೊತ್ತಾದ್ರ ನಾಳೆಯಿಂದ ಮತ್ತ ಇಂಗ್ಲಿಷ್ ಶುರು ಮಾಡ್ತಾಳ.”

“ಡಾಕ್ಟರ್ ನಾಡಿದ್ದ ನಿನ್ನ ಪರೀಕ್ಷೆ ಮಾಡಾಕ ಬರ್ತಾನಲ್ಲ?”

“ಬರಲಿ. ಚಾ ಕೊಡೂಣು. ಅಂವಾನೂ ಕಲೀಲಿ.”