ಚಿಕ್ಕಪ್ಪನ ಕಾರಿನ ಹಳೇ ತೆರಿಗೆ

ವಿದ್ಯಾರ್ಥಿನಿ ಕ್ಲಚ್ ಬಿಡುವುದಕ್ಕೂ ಸಾರಿಗೆ ಅಧಿಕಾರಿ ಕೈ ಅಡ್ಡ ಹಿಡಿಯುವುದಕ್ಕೂ ಸರಿಹೋಯಿತು. ಪಕ್ಕದ ಸೀಟಿನಲ್ಲಿದ್ದ ಟೀಚರ್ ತನ್ನ ಕಾಲಡಿಯ ಇನ್ನೊಂದು ಬ್ರೇಕು ತುಳಿದಳು. ಕಾರು ಕುಪ್ಪಳಿಸಿ ನಿಂತಿತು.

"ಈ ಗಾಡಿಗೆ ನಾಲ್ಕು ವರ್ಷದ ಟ್ಯಾಕ್ಸ್ ಬಾಕಿ ಇದೆಯಮ್ಮ. ಇಳೀರಿ, ಸೀಜ್ ಮಾಡ್ತೀವಿ."

"ನಾನು ತಗೊಂಡಿದ್ದೇ ಮೊನ್ನೆ ಮೊನ್ನೆ ಸಾರ್. ಇನ್ನೂ ನನ್ನ ಹೆಸರಿಗೂ ಆಗಿಲ್ಲ!" ಎಂದಳು ಟೀಚರ್.

"ಬಾಕಿ ಗಾಡಿ ಹಿಂದೇನೇ ಬರುತ್ತೆ. ಯಾರ ಕೈಲಿದೆಯೋ ಅವರು ಕಟ್ಟಬೇಕು."

ವಿದ್ಯಾರ್ಥಿನಿ ಮೆಲ್ಲಗೆ ಕೇಳಿದಳು: "ಮೇಡಂ, ನಾನೇನಾದ್ರೂ ತಪ್ಪು ಮಾಡಿದ್ನಾ?"

ಕಾರು ಟೀಚರ್‌ನ ಚಿಕ್ಕಪ್ಪನದು. ಅಪ್ಪ ತೀರಿಕೊಂಡ ಮೇಲೆ ಅವಳಿಗೆ ಸ್ಟೀರಿಂಗ್ ಹಿಡಿಯಲು ಕಲಿಸಿದ್ದು, ಬದುಕಿಗೊಂದು ದಾರಿ ತೋರಿಸಿದ್ದು ಆತನೇ. ಕಣ್ಣು ಮಂಜಾಯಿತೆಂದು ಡ್ರೈವಿಂಗ್ ಸ್ಕೂಲು ಮುಚ್ಚಿದಾಗ, ಕಾರನ್ನು ಕಡಿಮೆ ಬೆಲೆಗೆ ಅವಳಿಗೇ ಕೊಟ್ಟಿದ್ದ. ಅದು ಪ್ರೀತಿಯೆಂದು ಅವಳು ನಂಬಿದ್ದಳು.

ಬಳೆ ಅಡವಿಟ್ಟು ಬಾಕಿ ಕಟ್ಟಿ, ಕಾರು ಬಿಡಿಸಿಕೊಂಡು ನೇರ ಅವನ ಮನೆಗೇ ಹೋದಳು.

"ಬಾಕಿ ಇದೆ ಅಂತ ಅವತ್ತೇ ಹೇಳಿದ್ದೆನಲ್ಲ, ಅದಕ್ಕೇ ಅಗ್ಗಕ್ಕೆ ಕೊಟ್ಟೆ," ಎಂದ ಚಿಕ್ಕಪ್ಪ, ಕಣ್ಣಲ್ಲಿ ಕಣ್ಣಿಟ್ಟು.

ಆತ ಹಾಗೆ ಹೇಳಿಯೇ ಇರಲಿಲ್ಲ. ತಾನು ಕಟ್ಟಿದ ತೆರಿಗೆ ಹಣ ವಾಪಸು ಕೊಡಿಸಬೇಕೆಂದು ದಾವೆ ಹೂಡಿದಳು.

ಕೋರ್ಟಿನಲ್ಲಿ ಚಿಕ್ಕಪ್ಪನ ವಕೀಲ ಕೇಳಿದ: "ಅಷ್ಟು ಅಗ್ಗಕ್ಕೆ ಯಾಕೆ ಕೊಡ್ತಿದ್ದಾರೆ ಅಂತ ನೀವು ಕೇಳಲೇ ಇಲ್ವಾ?"

"ಮಗಳ ಹಾಗೆ ನೋಡ್ಕೋತಿದ್ದರು. ಕೇಳಬೇಕು ಅಂತ ಅನ್ನಿಸಲಿಲ್ಲ." ಅವಳು ಚಿಕ್ಕಪ್ಪನ ಕಡೆ ತಿರುಗಿ ಎಲ್ಲರೆದುರು ಕೂಗಿದಳು: "ಸುಳ್ಳು ಹೇಳ್ತಿದ್ದೀರ ಚಿಕ್ಕಪ್ಪ!"

ಆತ ತಲೆ ತಗ್ಗಿಸಿದ. ಚಿಕ್ಕಮ್ಮ ಬಾಯಿ ತೆರೆದವಳು ಸುಮ್ಮನಾದಳು.

ಬಾಕಿಯ ವಿಷಯ ತಿಳಿಸಿದ್ದಕ್ಕೆ ಪುರಾವೆ ಇಲ್ಲ, ಮಾರಾಟಕ್ಕೆ ಮುಂಚಿನ ತೆರಿಗೆಯನ್ನು ಮಾರಿದವರೇ ಭರಿಸಬೇಕು ಎಂದು ತೀರ್ಪಾಯಿತು. ಅವಳು ಗೆದ್ದಳು.

ಮೊದಲ ಕಂತು ತಂದವಳು ಚಿಕ್ಕಮ್ಮ. ಕೊಟ್ಟ ಮೇಲೂ ಏಳಲಿಲ್ಲ.

"ಕಣ್ಣು ಮಂಜು ಅಂತ ನಾವೇ ಹೇಳ್ಕೊಂಡು ಬಂದಿದ್ದು ಕಣೆ. ಮಂಜಾಗಿದ್ದು ಕಣ್ಣಲ್ಲ. ಊಟ ಮಾಡಿ ಕೈ ತೊಳ್ಕೊಂಡು ಬಂದು, ಊಟಕ್ಕೆ ಹಾಕಲ್ವಾ ಅಂತಾರೆ. ಬಾಕಿ ವಿಷ್ಯ ನಿನಗೆ ಹೇಳಬೇಕು, ಹೇಳಬೇಕು ಅಂತ ನನ್ನ ಹತ್ರ ಎಷ್ಟೋ ಸಲ ಅಂದಿದ್ರು. ಹೇಳಿಬಿಟ್ಟಿದ್ದೀನಿ ಅಂತಲೇ ನಂಬಿದ್ದಾರೆ."

"ಕೋರ್ಟಲ್ಲಿ ಯಾಕೆ ಹೇಳಲಿಲ್ಲ ಚಿಕ್ಕಮ್ಮ?"

"ನಾಲ್ಕು ಜನರ ಮುಂದೆ ನನ್ನ ಮರೆವು ಎತ್ತಬೇಡ ಅಂತ ಕೈ ಹಿಡ್ಕೊಂಡಿದ್ರು."

ಹಣ ಹಿಂತಿರುಗಿಸಬೇಕೆಂದು ಅವಳ ಕೈ ಮುಂದಾಯಿತು. ಅಡವಿಟ್ಟ ಬಳೆಯ ಬಡ್ಡಿ ನೆನಪಾಗಿ ಹಿಂದೆ ಸರಿಯಿತು. ಅದಕ್ಕಾಗಿ ತನ್ನ ಮೇಲೆ ತನಗೇ ಹೇಸಿಗೆಯಾಯಿತು.

ಸಂಜೆ ಕೊನೆಯ ಪಾಠ ಮುಗಿಸಿ ಚಿಕ್ಕಪ್ಪನ ಮನೆಗೆ ಹೋದಳು. ಏನು ಹೇಳಬೇಕೆಂದು ದಾರಿಯುದ್ದಕ್ಕೂ ಮಾತು ಜೋಡಿಸಿಕೊಂಡಳು. ಆತ ಬಾಗಿಲಲ್ಲೇ ಕುರ್ಚಿ ಹಾಕಿಕೊಂಡು ಕೂತಿದ್ದ. ಅವಳನ್ನು ಕಂಡು ಮುಖವರಳಿತು.

"ಬಾರಮ್ಮ. ಗಾಡಿ ಚೆನ್ನಾಗಿ ಓಡ್ತಿದೆಯಾ? ನೋಡು, ಅದರದ್ದು ಟ್ಯಾಕ್ಸ್ ಸ್ವಲ್ಪ ಬಾಕಿ ಇದೆ. ನಿನಗೆ ಹೇಳಬೇಕು ಅಂತಲೇ ಇದ್ದೆ."

ಅವಳು ಆತನ ಪಕ್ಕ ಹೊಸ್ತಿಲ ಮೇಲೆ ಕೂತಳು.

"ಕಟ್ಟಾಯ್ತು ಚಿಕ್ಕಪ್ಪ," ಎಂದಳು.